ಗಾದಿ ಹೋಯಿತು, ಬೆನ್ನುನೋವು ಬಂತು: ವ್ಯಾಪಾರಸ್ಥಳದಲ್ಲಿ ಆಸನದ ಲೆಕ್ಕ

ಹೊಳಲ್ಕೆರೆ ತಾಲ್ಲೂಕಿನ ಹೊರಕೆರೆದೇವಪುರದಂತಹ ಊರುಗಳ ಅಂಗಡಿಗಳಲ್ಲಿ ಹಿಂದೆ ಗುಮಾಸ್ತರು ಗಾದಿಯ ಮೇಲೆ ಕುಳಿತು, ಇಳಿಜಾರು ಹಲಗೆಯ ಡೆಸ್ಕಿನಲ್ಲಿ ಕಿರ್ದಿ, ಖಾತೆಗಳನ್ನು ಬರೆಯುತ್ತಿದ್ದರು. ಆ ಇಳಿಜಾರು ಕೇವಲ ಅಲಂಕಾರವಾಗಿರಲಿಲ್ಲ. ಪುಸ್ತಕವನ್ನು ಕಣ್ಣಿನತ್ತ ಎತ್ತಿ ಹಿಡಿದು ಕತ್ತಿನ ಬಾಗುವಿಕೆಯನ್ನು ತಗ್ಗಿಸುತ್ತಿತ್ತು. 2017ರ ಜುಲೈ 1ರಂದು ಜಿಎಸ್‌ಟಿ ಜಾರಿಗೆ ಬಂದ ತರುವಾಯ ಲೆಕ್ಕವು ಪುಸ್ತಕದಿಂದ ಗಣಕಯಂತ್ರಕ್ಕೆ ಇನ್ನಷ್ಟು ವೇಗವಾಗಿ ಸಾಗಿತು. ಯಂತ್ರ ಬಂದಿತು, ಅದಕ್ಕೆ ತಕ್ಕ ಮೇಜು ಬರಲಿಲ್ಲ. ಗಲ್ಲಾದ ಮೂಲೆಯಲ್ಲಿ ಲ್ಯಾಪ್‌ಟಾಪ್, ಮುಂದೆ ಪ್ಲಾಸ್ಟಿಕ್ ಖುರ್ಚಿ, ಅದರಲ್ಲಿ ಗೂನು ಬೆನ್ನಿನ ಗುಮಾಸ್ತರು!

ಮಾಸಿಕ ವಿವರಪಟ್ಟಿ ಸಲ್ಲಿಸುವ ವರ್ತಕರಿಗೆ ಜಿಎಸ್‌ಟಿಆರ್-3ಬಿಯ ಗಡುವು ಮರುತಿಂಗಳ 20. ಹದಿನೆಂಟರಂದು ಗುಮಾಸ್ತರು ಸೊಂಟ ಹಿಡಿದು ಮಲಗಿದರೆ ವಿಳಂಬ ಶುಲ್ಕ ಸಾಮಾನ್ಯವಾಗಿ ದಿನಕ್ಕೆ 50 ರೂಪಾಯಿ. ಬಾಕಿ ತೆರಿಗೆಗೆ ಶೇ. 18ರ ಬಡ್ಡಿ ಬೇರೆ. ಖುರ್ಚಿ, ಮೇಜುಗಳ ಮೇಲೆ ಸವಕಳಿ ಕಳೆಯಲು ಆದಾಯ ತೆರಿಗೆಯಲ್ಲಿ ಅವಕಾಶವಿದೆ. ಬೆನ್ನುಮೂಳೆಯ ಸವಕಳಿಗೆ ಯಾವ ಅಂಕಣವೂ ಇಲ್ಲ.

ಲ್ಯಾಪ್‌ಟಾಪಿನಲ್ಲಿ ಪರದೆ ಹಾಗೂ ಕೀಲಿಮಣೆ ಒಂದಕ್ಕೊಂದು ಅಂಟಿಕೊಂಡಿರುವುದೇ ತೊಡಕಿನ ಮೂಲ. ಕೈಗೆ ಅನುಕೂಲವಾದರೆ ಕತ್ತಿಗೆ ಕಷ್ಟ, ಕತ್ತಿಗೆ ಅನುಕೂಲವಾದರೆ ಕೈಗೆ ಕಷ್ಟ. ಪ್ರತ್ಯೇಕ ಕೀಲಿಮಣೆಯೊಂದನ್ನು ಜೋಡಿಸಿ, ಪರದೆಯ ಮೇಲಂಚು ಕಣ್ಣಿನ ಮಟ್ಟಕ್ಕೆ ಬರುವಂತೆ ಯಂತ್ರವನ್ನು ಎತ್ತರಿಸಬೇಕು. ಎತ್ತರಿಸಲು ಹಳೆಯ ಖಾತೆ ಪುಸ್ತಕಗಳೇ ಸಾಕು; ಹೇಗೂ ಜಿಎಸ್‌ಟಿ ಕಾನೂನಿನಂತೆ ಅವುಗಳನ್ನು ವಾರ್ಷಿಕ ವಿವರಪಟ್ಟಿಯ ಗಡುವಿನಿಂದ 72 ತಿಂಗಳು ಕಾಪಾಡಲೇಬೇಕು. ಪರದೆ ಒಂದು ತೋಳಿನಷ್ಟು ದೂರವಿರಲಿ. ಮೊಣಕೈ ಸುಮಾರು ಲಂಬಕೋನದಲ್ಲಿರಲಿ, ಪಾದಗಳು ನೆಲಕ್ಕೆ ಊರಲಿ. ಊರದಿದ್ದಲ್ಲಿ ಒಂದು ಮಣೆ ಇಟ್ಟರಾಯಿತು. ಎಷ್ಟೇ ಉತ್ತಮ ಆಸನವಾದರೂ ಅರ್ಧ ಗಂಟೆಗೊಮ್ಮೆ ಎದ್ದು ನಾಲ್ಕು ಹೆಜ್ಜೆ ನಡೆಯುವುದು ಅವಶ್ಯಕ.

ನಿಂತೇ ದುಡಿಯುವವರ ವಿಷಯವನ್ನು ಮಾಲೀಕರು ಸಾಮಾನ್ಯವಾಗಿ ಮರೆಯುತ್ತಾರೆ. ಅಂಥವರಿಗೆ ಕೂರುವ ವ್ಯವಸ್ಥೆ ಇರಬೇಕೆಂದು 1948ರ ಕಾರ್ಖಾನೆಗಳ ಕಾಯಿದೆಯ 44ನೇ ಪ್ರಕರಣ ವಿಧಿಸಿತ್ತು. 2025ರ ನವೆಂಬರ್ 21ರಂದು ಜಾರಿಗೆ ಬಂದ ಔದ್ಯೋಗಿಕ ಸುರಕ್ಷತಾ ಸಂಹಿತೆಯಲ್ಲಿಯೂ ಈ ಏರ್ಪಾಡು ಉಳಿದಿದೆ. ಅಂಗಡಿ ನೌಕರರಿಗೆ ಈ ಹಕ್ಕನ್ನು ಕೇರಳ 2018ರಲ್ಲಿ, ತಮಿಳುನಾಡು 2021ರಲ್ಲಿ ನೀಡಿದವು. ಮೂವರು ನೌಕರರ ಅಂಗಡಿಯಾದರೂ ಕೌಂಟರಿನ ಹಿಂದೆ ಒಂದು ಸ್ಟೂಲು ಇಡಲು ಕಾನೂನಿನ ಒತ್ತಾಯಕ್ಕೆ ಕಾಯಬೇಕಿಲ್ಲ.

ಹಮಾಲರ ಹೊರೆ ಇದಕ್ಕಿಂತ ಗಂಭೀರವಾದುದು. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯು 1967ರಲ್ಲಿಯೇ ವಯಸ್ಕ ಪುರುಷ ಹೊರುವ ಭಾರ 55 ಕಿಲೋ ಮೀರದಂತೆ ಶಿಫಾರಸು ಮಾಡಿತ್ತು. ಅದು ಮೇಲ್ಮಿತಿಯೇ ಹೊರತು ದಿನವಿಡೀ ಹೊರಬೇಕಾದ ತೂಕವಲ್ಲ. ಚೀಲಗಳನ್ನು ನೆಲಕ್ಕೆ ಹಾಕದೆ ಸೊಂಟದೆತ್ತರದ ಕಟ್ಟೆಯ ಮೇಲಿರಿಸಿದರೆ ಬಗ್ಗಿ ಎತ್ತುವ ಕಷ್ಟ ತಪ್ಪುತ್ತದೆ. ಅಡಿಕೆ ವಿಂಗಡಿಸುವ ಮಹಿಳೆಯರಿಗೂ ರಾಶಿಯನ್ನು ನೆಲದ ಬದಲು ಮೇಜಿನ ಮೇಲೆ ಸುರಿದು, ಕೂರಲು ಬೆನ್ನಿಗೆ ಆಸರೆಯಿರುವ ಆಸನ ಕೊಡಬಹುದು. ಸ್ಥಳೀಯ ಬಡಗಿಯೇ ಇದನ್ನು ಮಾಡಿಕೊಡಬಲ್ಲನು. ಅಳತೆಯನ್ನು ಮಾತ್ರ ಮಾಲೀಕರ ಬದಲು ಅಲ್ಲಿ ಕೂರುವವರಿಂದಲೇ ಪಡೆಯಬೇಕು.