ಗಚ್ಚಿಗಿಂತ ಮೊದಲು ಉತಾರ

ಗದಗಿನ ವಕಾರ ಸಾಲನ್ನು ಕಂಡವರಿಗೆ ನನ್ನ ಮಾತು ಬೇಗ ತಿಳಿಯುತ್ತದೆ. 1884ರಲ್ಲಿ ಹೊಟಗಿ ಕಡೆಯಿಂದ ರೈಲು ಬಂತು, ಇಲ್ಲಿಯ ಹತ್ತಿಗೆ ಮುಂಬೈ ಹತ್ತಿರವಾಯಿತು. ಹತ್ತಿಯನ್ನು ಹುಡುಕಿಕೊಂಡು ವ್ಯಾಪಾರಿಗಳು ಬಂದರು. ಅವರಲ್ಲಿ ಗುಜರಾತ, ಮಾರವಾಡದಿಂದ ಊರು ಬಿಟ್ಟು ಬಂದವರೂ ಇದ್ದರು. ಪುರಸಭೆಯ ಜಾಗವನ್ನು ಲೀಸಿಗೆ ಹಿಡಿದು ವಕಾರಗಳನ್ನು ಕಟ್ಟಿದರು. ಅಂಡಿಗೆ ಇಳಿಸುವ ಅಂಗಳ, ದಾಸ್ತಾನಿಗೆ ಉಗ್ರಾಣ, ಲೆಕ್ಕ ಬರೆಯುವ ಗಾದಿ. ತಲೆಮಾರುಗಳ ಕಾಲ ಈ ಸಾಲು ಊರಿಗೆ ಅನ್ನ ಹಾಕಿತು. ಆಮೇಲೆ ಲೀಸು ಮುಗಿಯಿತು, ತಕರಾರು ಬೆಳೆಯಿತು. 2019ರಲ್ಲಿ ಗದಗ-ಬೆಟಗೇರಿ ನಗರಸಭೆ 54 ವಕಾರಗಳನ್ನು ತೆರವು ಮಾಡಿಸಿತು.

ಕಾನೂನು ಯಾರ ಕಡೆಗಿತ್ತು ಎಂಬ ಚರ್ಚೆಯನ್ನು ಇಲ್ಲಿ ಮಾಡುವುದಿಲ್ಲ. ನೆಲ ಪುರಸಭೆಯದು, ಗೋಡೆ ವ್ಯಾಪಾರಿಯದು: ಹಣಕಾಸಿನ ಅಂಕಣಕ್ಕೆ ಬೇಕಾದದ್ದು ಈ ಒಂದು ಸಂಗತಿ. ಹಾಗಿದ್ದಾಗ ಮಾಡು ಸೋರಿದರೆ ಲಕ್ಷ ಹಾಕಿ ಹೊದಿಸುವವರು ಯಾರು? ಲೀಸು ಮುಂದುವರಿಯುತ್ತದೋ ಇಲ್ಲವೋ ಗೊತ್ತಿಲ್ಲದವನು ತಗಡು ಹಾಕಿ ಈ ಮಳೆಗಾಲ ಕಳೆಯುತ್ತಾನೆ. ಅವನ ಲೆಕ್ಕದಲ್ಲಿ ಅದೇ ಸರಿ. ಹಳೆಯ ಕಟ್ಟಡ ಸಾಯುವುದು ಮಳೆಯಿಂದ ಅಂದುಕೊಳ್ಳುತ್ತೇವೆ. ನಮ್ಮ ಭಾಗದಲ್ಲಿ ಹೆಚ್ಚಿನವು ಸಾಯುವುದು ಕಾಗದದಿಂದ.

ನಮ್ಮ ಹಳ್ಳಿ ಹಿರೇವಡ್ಡಟ್ಟಿಯ ಮನೆಯನ್ನು ರಿಪೇರಿ ಮಾಡಿಸಲು ಹೊರಟಾಗ ಇದು ನನಗೆ ಪೂರ್ತಿ ಮನದಟ್ಟಾಯಿತು. ಅದು ಕಲ್ಲುಮಣ್ಣಿನ ದಪ್ಪ ಗೋಡೆಯ ಮೇಲ್ಮುದ್ದೆ ಮನೆ. ಪಡಸಾಲೆಯ ಕಂಬ, ಬೋದಿಗೆ, ತೊಲೆ ಎಲ್ಲ ಸಾಗವಾನಿ. ಮನೆಯ ಹಕ್ಕುದಾಖಲೆಯಾದ ಉತಾರದಲ್ಲಿದ್ದದ್ದು ಅಜ್ಜನ ಹೆಸರೇ. ಅಜ್ಜ ತೀರಿ ದಶಕಗಳಾಗಿದ್ದವು. ಕಾಕಾನ ಮಕ್ಕಳು ದುಡಿಯಲು ಗೋವಾಕ್ಕೆ ಹೋದವರು ಅಲ್ಲೇ ಉಳಿದಿದ್ದರು, ಇಬ್ಬರು ಅತ್ತೆಯರು ಮದುವೆಯಾಗಿ ಬೇರೆ ತಾಲ್ಲೂಕಿನಲ್ಲಿದ್ದರು. ಬಾಯಿಮಾತಿನಲ್ಲಿ ಎಲ್ಲರೂ ನನಗೇ ಮನೆ ಬಿಟ್ಟುಕೊಟ್ಟಿದ್ದರು. "ಅದರಾಗ ನಮಗೇನ್ ಬೇಕಾಗೇತಪ್ಪಾ, ನೀ ಸುಣ್ಣ ಬಣ್ಣ ಹಚ್ಚಿ ದೀಪಾ ಹಚ್ಚಿದ್ರ ಸಾಕು" ಎಂದು ದೊಡ್ಡತ್ತೆ ಹೇಳಿದಾಗ ನನ್ನ ಕಣ್ಣು ತುಂಬಿತ್ತು. ಬ್ಯಾಂಕಿಗೆ ಮಾತ್ರ ಬಾಯಿಮಾತು ಸಾಲದು. ಅಲ್ಲಿಯ ಮೌಲ್ಯಮಾಪಕರು ನೆಲಕ್ಕೆ ಬೆಲೆ ಕಟ್ಟಿ, ಮನೆಯ ಆಯುಷ್ಯ ಮುಗಿದಿದೆ ಎಂದು ಬರೆದರು. ಆ ಸಾಗವಾನಿಗೆ ಅವರ ಫಾರಂನಲ್ಲಿ ಕಾಲಮ್ಮೇ ಇರಲಿಲ್ಲ.

ಹಾಗಾಗಿ ನಾವು ಗೌಂಡಿಗಿಂತ ಮೊದಲು ವಕೀಲರನ್ನು ಕರೆದೆವು. ವಂಶಾವಳಿ ತೆಗೆಸಿದೆವು. ಕಾಕಾನ ಮಕ್ಕಳಿಂದಲೂ ಅತ್ತೆಯರಿಂದಲೂ ಹಕ್ಕು ಬಿಡುಗಡೆ ಪತ್ರ ಪಡೆದು ನೋಂದಣಿ ಮಾಡಿಸಿದೆವು. ಮನೆಯೊಳಗಿನವರ ನಡುವೆ ಇಂಥ ಪತ್ರಕ್ಕೆ ತಗಲುವ ಮುದ್ರಾಂಕ ಶುಲ್ಕ ಮಾರಾಟದ ಶುಲ್ಕಕ್ಕಿಂತ ಬಹಳ ಕಡಿಮೆ. ಹೆಣ್ಣುಮಕ್ಕಳ ಸಹಿ ಯಾಕೆ ಎಂದು ಈಗಲೂ ಕೇಳುವವರಿದ್ದಾರೆ. 2005ರ ತಿದ್ದುಪಡಿಯ ನಂತರ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು, 2020ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಇನ್ನೂ ಸ್ಪಷ್ಟಪಡಿಸಿದೆ. ನನ್ನ ಅತ್ತೆಯರು ಬಿಟ್ಟುಕೊಟ್ಟದ್ದು ತಮ್ಮ ಸ್ವಂತ ಪಾಲನ್ನು. ಅದಕ್ಕೆ ಬೆಲೆ ಕೊಡುವುದು ಧರ್ಮ ಎಂದು ನಾನು ನಂಬಿದವನು, ಕೊಟ್ಟಿದ್ದೇನೆ. ನೋಂದಣಿಗೂ ಮೊದಲು ಬೇಕಾದದ್ದು ಪಂಚಾಯಿತಿಯ ಇ-ಸ್ವತ್ತು, ಅಂದರೆ ಫಾರಂ 9 ಮತ್ತು 11. ಇವೆರಡೂ ಇಲ್ಲದೆ ಗ್ರಾಮಠಾಣಾದ ಆಸ್ತಿಯ ನೋಂದಣಿಯೂ ಆಗದು, ಸಾಲವೂ ಹುಟ್ಟದು. 2020ರಲ್ಲಿ ಶುರುವಾದ ಸ್ವಾಮಿತ್ವ ಯೋಜನೆಯಲ್ಲಿ ಡ್ರೋನ್ ಅಳತೆಯಾದ ಊರುಗಳಲ್ಲಿ ಮನೆಯ ಚೆಕ್ಕುಬಂದಿ ಗಟ್ಟಿಯಾಗಿ ಸಿಗುತ್ತದೆ, ಕೇಳಿ ಪಡೆಯಿರಿ. ಈ ಎಲ್ಲ ಕಾಗದಕ್ಕೆ ಹೋದ ಹಣ ನಮ್ಮ ಒಟ್ಟು ಖರ್ಚಿನ ಹತ್ತರಲ್ಲೊಂದು ಪಾಲೂ ಆಗಲಿಲ್ಲ. ಉಳಿದ ಒಂಬತ್ತು ಪಾಲಿಗೆ ಅದೇ ಕಾವಲು.

ಕಾಕಾನ ಮಕ್ಕಳ ಸಹಿಗೆಂದು ಗೋವಾಕ್ಕೆ ಹೋದಾಗ ಪಣಜಿಯ ಫೊಂಟೈನಾಸ್ ಓಣಿಯಲ್ಲಿ ಓಡಾಡಿದೆ. ಪೋರ್ತುಗೀಸರ ಕಾಲದ ಮನೆಗಳು ನೀಲಿ, ಹಳದಿ ಬಣ್ಣ ಹೊತ್ತು ಅತಿಥಿಗೃಹಗಳಾಗಿ, ಕೆಫೆಗಳಾಗಿ ದುಡಿಯುತ್ತಿವೆ. ಸಾರವೆ ಏರಿ ಅಂಥದೊಂದು ಗೋಡೆಯನ್ನು ಕೆರೆಯುತ್ತಿದ್ದವರು ಮಾತಾಡುತ್ತಿದ್ದದ್ದು ನಮ್ಮ ಕನ್ನಡ. ಒಬ್ಬ ಮುಂಡರಗಿ ಕಡೆಯವನು, ಇನ್ನೊಬ್ಬ ಬಾಗಲಕೋಟೆಯವನು. "ಯಜಮಾನ್ರ, ಸಿಮೆಂಟ್ ಹಚ್ಚಿದ್ರ ಗ್ವಾಡಿ ಒಳಗ ನೀರ್ ಹಿಡಿತೈತ್ರೀ, ಇಲ್ಲಿ ಬರೇ ಸುಣ್ಣದ್ದ ಕೆಲಸ" ಎಂದು ಮುಂಡರಗಿಯವನು ಮೇಲಿನಿಂದಲೇ ವಿವರಿಸಿದ. ನೂರಕ್ಕೆ ನೂರು ನಿಜ. ಮಣ್ಣು-ಸುಣ್ಣದ ಗೋಡೆ ತೇವವನ್ನು ಹೊರಗೆ ಬಿಡುತ್ತದೆ, ಸಿಮೆಂಟು ಅದನ್ನು ಒಳಗೇ ಕಟ್ಟಿಹಾಕುತ್ತದೆ. ಕಲಿತ ಕೈಗಳು ನಮ್ಮವು, ಉಳಿಯುತ್ತಿರುವುದು ಬೇರೆಯವರ ಮನೆಗಳು. ನಮ್ಮೂರುಗಳಲ್ಲಿ ಬೀಗ ಜಡಿದ ಮನೆಗಳ ಜಂತಿಗಳು ಒಂದೊಂದಾಗಿ ಕುಸಿಯುತ್ತಿವೆ. ಇದು ನನ್ನನ್ನು ಬಹಳ ಕಾಡುತ್ತದೆ. ಆ ಮುಂಡರಗಿಯ ಹುಡುಗನೇ ಬಂದು ನಮ್ಮ ಗೋಡೆಗೆ ಗಚ್ಚು ಮಾಡಿಕೊಟ್ಟ. ಮೇಲ್ಮುದ್ದೆಗೆ ಸವಳು ಮಣ್ಣು ಹಾಕಿಸಲು ಮಾತ್ರ ಊರಿನ ಹಿರಿಯರೇ ಬೇಕಾಯಿತು.

ಹಳೆಯ ಕಟ್ಟಡ ಉಳಿಸುವವರಲ್ಲಿ ಹೊರಗೆ ಹೋಗಿ ಬಂದವರು ಅಥವಾ ಹೊರಗಿನಿಂದ ಬಂದವರು ಯಾಕೆ ಹೆಚ್ಚು? ಹಣ ಇರುವುದು ಒಂದು ಕಾರಣ. ಪಾಲುಗಾರಿಕೆಯ ಜಗಳವಿಲ್ಲದೆ ಖರೀದಿಸುವುದು ಇನ್ನೊಂದು, ನನ್ನ ದೃಷ್ಟಿಯಲ್ಲಿ ದೊಡ್ಡದು. ಅಮೆರಿಕದಲ್ಲಿ ಇದಕ್ಕೆ ಸರ್ಕಾರವೂ ಕೈಜೋಡಿಸುತ್ತದೆ: ಪಟ್ಟಿಯಲ್ಲಿರುವ ಐತಿಹಾಸಿಕ ವ್ಯಾಪಾರಿ ಕಟ್ಟಡವನ್ನು ನಿಯಮದಂತೆ ದುರಸ್ತಿ ಮಾಡಿದರೆ ಖರ್ಚಿನ ಶೇ 20ರಷ್ಟನ್ನು ಆದಾಯ ತೆರಿಗೆಯಲ್ಲಿ ಕಡಿತ ಮಾಡಿಕೊಳ್ಳಬಹುದು. ವಲಸೆ ಹೋದವರು ಅಲ್ಲಿಯ ಹಾಳುಬಿದ್ದ ಪೇಟೆಗಳಿಗೆ ಧೈರ್ಯದಿಂದ ಹಣ ಹಾಕುವುದರ ಹಿಂದೆ ಈ ಲೆಕ್ಕವೂ ಇರಬಹುದು. ನಮ್ಮಲ್ಲಿ ಅಂಥ ರಿಯಾಯಿತಿ ಇಲ್ಲ. ವಾಸದ ಮನೆಯ ದುರಸ್ತಿ ಸಾಲಕ್ಕೆ ಹಳೆಯ ತೆರಿಗೆ ಪದ್ಧತಿಯಲ್ಲಿ ವರ್ಷಕ್ಕೆ ₹30,000 ಬಡ್ಡಿ ಕಳೆಯಬಹುದು, ಹೊಸ ಪದ್ಧತಿಯಲ್ಲಿ ಅದೂ ಇಲ್ಲ. ಆದರೂ ಮನೆಯ ಬಾಳಿಕೆ ಹೆಚ್ಚಿಸುವ ದೊಡ್ಡ ಕೆಲಸದ ಪ್ರತಿಯೊಂದು ಬಿಲ್ಲು ಇಟ್ಟುಕೊಳ್ಳಿ. ಮುಂದೆ ಮಾರಿದರೆ ಲಾಭದಿಂದ ಆ ಖರ್ಚನ್ನು ಕಳೆಯಲು ಬರುತ್ತದೆ.

ಮಣಿಪಾಲದ ವಿಜಯನಾಥ ಶೆಣೈ ಅವರನ್ನು ಇಲ್ಲಿ ನೆನೆಯಲೇಬೇಕು. ಬ್ಯಾಂಕಿನಲ್ಲಿ ನೌಕರಿ ಮಾಡುತ್ತಿದ್ದ ಅವರು ಕೆಡವುತ್ತಿದ್ದ ಮನೆಗಳ ಕಂಬ, ಬಾಗಿಲುಗಳನ್ನು ಕೂಡಿಸಿ ಮೊದಲು ತಮ್ಮ ಮನೆ ಕಟ್ಟಿದರು. ಆಮೇಲೆ ಇಡೀ ಇಡೀ ಮನೆಗಳನ್ನೇ ಬಿಚ್ಚಿ ತಂದು ಹಸ್ತಶಿಲ್ಪ ಪಾರಂಪರಿಕ ಗ್ರಾಮದಲ್ಲಿ ಮತ್ತೆ ನಿಲ್ಲಿಸಿದರು. ನಮ್ಮ ನೆರೆಯ ಕುಕನೂರಿನ ಕಮಲ ಮಹಲ್ ಇಂದು ನಿಂತಿರುವುದು ಅಲ್ಲಿ. 2017ರಲ್ಲಿ ಅವರು ತೀರಿಕೊಂಡರು. ಅವರಿಗೆ ನನ್ನ ಕೃತಜ್ಞತೆ ದೊಡ್ಡದು. ಆದರೆ ಕುಕನೂರಿನ ಮನೆ ಕುಕನೂರಿನಲ್ಲೇ ಬದುಕುವಂಥ ವ್ಯವಸ್ಥೆ ನಮ್ಮ ಭಾಗದಲ್ಲಿ ಬೇಕು ಎಂಬ ಆಸೆಯೂ ಅಷ್ಟೇ ದೊಡ್ಡದು.

ಲಕ್ಕುಂಡಿ, ಡಂಬಳದಂಥ ಊರಿನವರು ಇನ್ನೊಂದು ವಿಷಯ ಗಮನಿಸಬೇಕು. ಕೇಂದ್ರ ಸಂರಕ್ಷಿತ ಸ್ಮಾರಕದಿಂದ 100 ಮೀಟರ್ ಒಳಗೆ ಹೊಸ ಕಟ್ಟಡ ನಿಷಿದ್ಧ, ಅದರಾಚೆ 200 ಮೀಟರ್ ನಿಯಂತ್ರಿತ. 2010ರ ತಿದ್ದುಪಡಿ ಇದನ್ನು ಬಿಗಿ ಮಾಡಿದೆ. ಹಳೆಯ ಮನೆಯ ದುರಸ್ತಿಗೆ ಮಾತ್ರ ಅನುಮತಿ ಪಡೆದು ದಾರಿಯಿದೆ. ಅಂದರೆ ಆ 100 ಮೀಟರ್ ಒಳಗೆ ಹಳೆಯ ಮನೆಯನ್ನು ಕೆಡವಿದವನು ಮನೆ ಕಟ್ಟುವ ಅವಕಾಶವನ್ನೂ ಕೆಡವಿಕೊಂಡಂತೆ.

ನಮ್ಮ ಮನೆ ಹೂಡಿಕೆಯೇ ಎಂದು ಓದುಗರು ಕೇಳಿದರೆ, ಅಲ್ಲ. ಹಿರೇವಡ್ಡಟ್ಟಿಯಲ್ಲಿ ಸಿಗುವ ಬಾಡಿಗೆ ಬ್ಯಾಂಕಿನ ಠೇವಣಿ ಬಡ್ಡಿಯ ಹತ್ತಿರಕ್ಕೂ ಬರುವುದಿಲ್ಲ. ಇದನ್ನು ಖರ್ಚು ಎಂದೇ ಬರೆದುಕೊಂಡಿದ್ದೇನೆ, ಸಂತೋಷದಿಂದ ಮಾಡಿದ ಖರ್ಚು. ಸಾಲ ಮಾಡಿ ಹಳ್ಳಿಯ ಮನೆ ಉಳಿಸಿ ಎಂದು ಯಾರಿಗೂ ಹೇಳಲಾರೆ. ಗದಗಿನಂಥ ಪೇಟೆಯ ಮಾತು ಬೇರೆ, ಅಲ್ಲಿ ಹಳೆಯ ಅಂಗಡಿಯೊಂದು ದುಡಿಯಬಲ್ಲದು.

ಪಾಲುಗಾರರೆಲ್ಲ ಒಂದೆಡೆ ಸಿಗುವುದು ಉಗಾದಿಗೆ ಅಥವಾ ಊರ ಜಾತ್ರೆಗೆ. ನೋಂದಣಿ ಕಚೇರಿಯ ರಜೆಗಳನ್ನು ನೋಡಿಕೊಂಡು, ಹಬ್ಬದ ಮರುದಿನಕ್ಕೆ ಕಾವೇರಿ ತಂತ್ರಾಂಶದಲ್ಲಿ ಮೊದಲೇ ಸಮಯ ಕಾಯ್ದಿರಿಸಿ. ಗೋವಾದಿಂದ ಬರುವವರಿಗೆ ಆಧಾರ್ ಕಾರ್ಡ್ ತರಲು ಹೇಳಿ. ಬರಲಾಗದವರು ಇದ್ದ ಊರಿನಲ್ಲೇ ಅಧಿಕಾರಪತ್ರ ಮಾಡಿಸಿ ಕಳಿಸಲಿ. ಅದರ ಒಕ್ಕಣೆಯನ್ನು ಮಾತ್ರ ನಿಮ್ಮ ವಕೀಲರಿಂದಲೇ ಬರೆಸಿ ಕೊಡಿ.