ತೆಂಗಿನ ತೋಟದ ಏಳಿಗೆಯನ್ನು ಅಳೆಯುವುದು ಹೇಗೆ?

ತಿಪಟೂರು ತಾಲ್ಲೂಕಿನ ಹಾಲ್ಕುರಿಕೆಯ ಸುತ್ತಮುತ್ತ ಒಬ್ಬ ರೈತನ ಸ್ಥಿತಿಗತಿಯನ್ನು ತಿಳಿಯಬೇಕಾದರೆ ಹಿಂದೆ ಅವನ ಮನೆಯ ಅಟ್ಟವನ್ನು ನೋಡುತ್ತಿದ್ದರು. ಬಲಿತ ಕಾಯಿಯನ್ನು ಅಟ್ಟಕ್ಕೆ ಹಾಕಿ ಎಂಟರಿಂದ ಹನ್ನೊಂದು ತಿಂಗಳು ಬಿಟ್ಟರೆ ಒಳಗಿನ ನೀರು ಇಂಗಿ, ಕುಲುಕಿದಾಗ ಗಿಟಕು ಗಲಗಲ ಎನ್ನುತ್ತದೆ. ಅದೇ ತಿಪಟೂರಿನ ಹೆಸರು ಹೊತ್ತ ಉಂಡೆ ಕೊಬ್ಬರಿ. ಅಟ್ಟ ತುಂಬಿದ್ದರೆ ಆ ಮನೆಗೆ ಒಂದು ವರ್ಷ ಕಾಯುವ ಶಕ್ತಿ ಇದೆ ಎಂದು ಅರ್ಥ. ಬರಿದಾಗಿದ್ದರೆ ಕಾಯಿ ಎಳೆಯದಿರುವಾಗಲೇ ಕೈಬಿಟ್ಟು ಹೋಗಿದೆ ಎಂದು ಅರ್ಥ. ಇದೂ ಒಂದು ಅಳತೆಗೋಲೇ. ಕೈಗೆ ಬಂದ ಹಣವನ್ನಷ್ಟೇ ಅಲ್ಲದೆ ಕೈಯಲ್ಲಿ ಉಳಿದದ್ದನ್ನೂ ಅದು ಅಳೆಯುತ್ತಿತ್ತು.

ಈಗ ಅಳತೆ ಬದಲಾಗಿದೆ. ವರ್ಷಕ್ಕೆ ಎಷ್ಟು ಕ್ವಿಂಟಾಲ್ ಮಾರಿದೆ, ದರ ಎಷ್ಟು ಸಿಕ್ಕಿತು ಎಂಬುದೇ ಪ್ರಶ್ನೆ. ದೇಶದ ಮಟ್ಟದಲ್ಲಿಯೂ ಅದೇ ಪ್ರಶ್ನೆಯನ್ನು ಕೇಳಲಾಗುತ್ತದೆ. ಒಂದು ವರ್ಷದಲ್ಲಿ ಉತ್ಪಾದನೆಯಾದ ಸರಕು, ಸೇವೆಗಳ ಒಟ್ಟು ಬೆಲೆಯನ್ನು ಕೂಡಿ, ಕಳೆದ ವರ್ಷಕ್ಕಿಂತ ಶೇಕಡ ಎಷ್ಟು ಹೆಚ್ಚಾಯಿತೆಂದು ನೋಡಿ, ಅದನ್ನೇ ಪ್ರಗತಿ ಎನ್ನುವ ವಾಡಿಕೆ ಬೆಳೆದಿದೆ. ಈ ಲೆಕ್ಕದಲ್ಲಿ ಏನು ಸೇರುತ್ತದೆ, ಏನು ಸೇರುವುದಿಲ್ಲ ಎಂಬುದನ್ನು ತೆಂಗು ಬೆಳೆಗಾರರು ತಿಳಿದುಕೊಳ್ಳುವುದು ಅವಶ್ಯಕ. ಏಕೆಂದರೆ ಅದೇ ತಪ್ಪನ್ನು ತೋಟದ ಲೆಕ್ಕದಲ್ಲಿಯೂ ಮಾಡುವ ಸಂಭವ ಹೆಚ್ಚು.

ಲೆಕ್ಕ ಹುಟ್ಟಿದ ಬಗೆ

ಭಾರತೀಯರ ತಲಾ ಆದಾಯವನ್ನು ಮೊದಲು ಅಂದಾಜು ಮಾಡಿದವರು ದಾದಾಭಾಯಿ ನವರೋಜಿ. 1867-68ಕ್ಕೆ ಅವರು ಹಾಕಿದ ಲೆಕ್ಕ ವರ್ಷಕ್ಕೆ 20 ರೂಪಾಯಿ. ಪರರ ಆಳ್ವಿಕೆಯಲ್ಲಿ ದೇಶ ಬಡವಾಗುತ್ತಿದೆ ಎಂಬುದನ್ನು ಅಂಕಿಯಿಂದ ತೋರಿಸುವುದು ಅವರ ಉದ್ದೇಶವಾಗಿತ್ತು. 1934ರಲ್ಲಿ ಸರ್ ಎಂ. ವಿಶ್ವೇಶ್ವರಯ್ಯನವರು ಭಾರತಕ್ಕೊಂದು ಯೋಜಿತ ಆರ್ಥಿಕ ವ್ಯವಸ್ಥೆಯ ಪುಸ್ತಕ ಬರೆದು, ಹತ್ತು ವರ್ಷಗಳಲ್ಲಿ ದೇಶದ ಆದಾಯವನ್ನು ಇಮ್ಮಡಿಗೊಳಿಸಬೇಕೆಂದರು. ಅದೇ 1934ರಲ್ಲಿ ಅಮೆರಿಕದ ಸೈಮನ್ ಕುಜ್ನೆಟ್ಸ್ ಎಂಬ ಅರ್ಥಶಾಸ್ತ್ರಜ್ಞರು ತಮ್ಮ ದೇಶದ ಸಂಸತ್ತಿಗೆ ರಾಷ್ಟ್ರೀಯ ಆದಾಯದ ವರದಿ ಒಪ್ಪಿಸಿದರು. ಲೆಕ್ಕವನ್ನು ಕಟ್ಟಿದ ಅವರೇ, ಒಂದು ದೇಶದ ಜನರ ಕ್ಷೇಮವನ್ನು ಈ ಅಂಕಿಯೊಂದರಿಂದಲೇ ಊಹಿಸಲಾಗದು ಎಂಬ ಎಚ್ಚರಿಕೆಯನ್ನೂ ಅದರಲ್ಲಿ ಬರೆದಿದ್ದರು. ಅಂಕಿ ಜಗತ್ತಿನೆಲ್ಲೆಡೆ ಹಬ್ಬಿತು. ಎಚ್ಚರಿಕೆ ಅಷ್ಟಾಗಿ ಹಬ್ಬಲಿಲ್ಲ.

ಸ್ವತಂತ್ರ ಭಾರತದಲ್ಲಿ 1949ರಲ್ಲಿ ಪಿ. ಸಿ. ಮಹಲನೋಬಿಸ್‌ರ ಅಧ್ಯಕ್ಷತೆಯಲ್ಲಿ ರಾಷ್ಟ್ರೀಯ ಆದಾಯ ಸಮಿತಿ ನೇಮಕವಾಯಿತು. ಮುಂದೆ 1972ರಲ್ಲಿ ಬೆಂಗಳೂರಿನ ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆ ಸಂಸ್ಥೆಯನ್ನು ಸ್ಥಾಪಿಸಿದ ಡಾ. ವಿ. ಕೆ. ಆರ್. ವಿ. ರಾವ್ ಅವರೂ ಆ ಸಮಿತಿಯಲ್ಲಿದ್ದರು.

ಕೊಳವೆ ಬಾವಿಯೂ ಪ್ರಗತಿಯೇ?

ಹೊಲದಲ್ಲಿ ಕೊಳವೆ ಬಾವಿ ಕೊರೆಸಿದರೆ ಆ ಖರ್ಚು ದೇಶದ ಉತ್ಪನ್ನದಲ್ಲಿ ಬಂಡವಾಳವಾಗಿ ಸೇರುತ್ತದೆ. ಪಂಪು, ಪೈಪು, ಕೇಬಲ್ಲು ಎಲ್ಲವೂ ಸೇರುತ್ತವೆ. ನೀರು ಬಾರದೆ ಪಕ್ಕದಲ್ಲಿ ಮತ್ತೊಂದು ಕೊರೆಸಿದರೆ ಆ ಖರ್ಚೂ ಸೇರುತ್ತದೆ. ಬತ್ತಿದ ಬಾವಿಯನ್ನು ಇನ್ನೂ ಆಳಕ್ಕೆ ಇಳಿಸಿದ ಕೂಲಿಯೂ ಉತ್ಪನ್ನವೇ. ಆದರೆ ನೆಲದೊಳಗಿನ ನೀರು ಇಳಿದದ್ದು ಮಾತ್ರ ಎಲ್ಲಿಯೂ ಕಳೆಯುವ ಬಾಬಾಗಿ ಬರುವುದಿಲ್ಲ. ಹೀಗಾಗಿ ನೀರು ಇಳಿದಷ್ಟೂ ಕೊರೆತ ಹೆಚ್ಚಿ, ಕೊರೆತ ಹೆಚ್ಚಿದಷ್ಟೂ ಅಂಕಿ ಏರುತ್ತದೆ. ಕೃಷಿ ಪಂಪ್‌ಸೆಟ್ಟಿಗೆ 10 ಅಶ್ವಶಕ್ತಿಯವರೆಗೆ ವಿದ್ಯುತ್ ಉಚಿತವಾಗಿರುವುದರಿಂದ ಆಳ ಹೆಚ್ಚಿದ ಬೆಲೆ ರೈತನ ಪುಸ್ತಕದಲ್ಲಿಯೂ ಕಾಣಿಸದು.

ತಿಪಟೂರು ತಾಲ್ಲೂಕು ಅಂತರ್ಜಲದ ಅತಿಬಳಕೆಯ ಪಟ್ಟಿಯಲ್ಲಿ ಸೇರಿದ ತಾಲ್ಲೂಕು. ಮಳೆಯಿಂದ ವರ್ಷಕ್ಕೆ ನೆಲಕ್ಕಿಳಿದು ಬಳಕೆಗೆ ಸಿಗುವ ನೀರಿನ ಶೇಕಡ 100ಕ್ಕಿಂತ ಹೆಚ್ಚನ್ನು ಮೇಲೆತ್ತುವ ಕಡೆಗಳನ್ನು ಈ ಪಟ್ಟಿಗೆ ಹಾಕುತ್ತಾರೆ. ಬಡ್ಡಿ ಸಾಲದೆ ಅಸಲಿಗೇ ಕೈಹಾಕಿದಂತೆ ಎನ್ನಬಹುದು. ಅಸಲು ಕರಗಿಸಿ ಉಂಡದ್ದನ್ನು ಆದಾಯ ಎಂದು ಯಾವ ಮನೆಯ ಹಿರಿಯರೂ ಬರೆದುಕೊಳ್ಳುವುದಿಲ್ಲ. ದೇಶಗಳು ಬರೆದುಕೊಳ್ಳುತ್ತ ಬಂದಿವೆ.

ಇಂಡೋನೇಷ್ಯಾ ದೇಶದ ಲೆಕ್ಕವನ್ನು ರಾಬರ್ಟ್ ರೆಪೆಟ್ಟೊ ಎಂಬುವರು 1989ರಲ್ಲಿ ಮತ್ತೆ ಹಾಕಿ ನೋಡಿದರು. 1971ರಿಂದ 1984ರವರೆಗೆ ಆ ದೇಶದ ಉತ್ಪನ್ನ ವರ್ಷಕ್ಕೆ ಸುಮಾರು ಶೇಕಡ 7ರಂತೆ ಬೆಳೆಯಿತೆಂದು ಹೆಸರಾಗಿತ್ತು. ಬರಿದಾದ ಎಣ್ಣೆ, ಕಡಿದ ಕಾಡು, ಕೊಚ್ಚಿಹೋದ ಮಣ್ಣು ಇವುಗಳನ್ನು ಕಳೆದಾಗ ಉಳಿದದ್ದು ಸುಮಾರು ಶೇಕಡ 4. ನಮ್ಮಲ್ಲಿಯೂ ಪಾರ್ಥ ದಾಸ್‌ಗುಪ್ತರ ಅಧ್ಯಕ್ಷತೆಯ ತಜ್ಞರ ತಂಡ 2013ರಲ್ಲಿ ಇಂತಹ ಲೆಕ್ಕದ ಚೌಕಟ್ಟನ್ನು ಕೊಟ್ಟಿತು. 2025ರ ಮಾರ್ಚ್‌ನಲ್ಲಿ ವಿಶ್ವಸಂಸ್ಥೆಯ ಅಂಕಿಅಂಶ ಆಯೋಗ ಒಪ್ಪಿದ ಹೊಸ ಲೆಕ್ಕ ಪದ್ಧತಿಯಲ್ಲಿ ನೈಸರ್ಗಿಕ ಸಂಪತ್ತಿನ ಸವಕಳಿಯನ್ನು ಉತ್ಪಾದನೆಯ ಖರ್ಚೆಂದು ಎಣಿಸಿ ನಿವ್ವಳ ಉತ್ಪನ್ನದಿಂದ ಕಳೆಯಲು ಹೇಳಿದೆ. ಹಳೆಯ ಒಟ್ಟು ಅಂಕಿ ಮಾತ್ರ ಹಾಗೆಯೇ ಉಳಿಯುತ್ತದೆ. ಪತ್ರಿಕೆಗಳಲ್ಲಿ ಬರುವುದೂ ಅದೇ.

ಮರ ಬರೆದಿಟ್ಟ ಲೆಕ್ಕ

ತೆಂಗಿನಲ್ಲಿ ಇನ್ನೊಂದು ತೊಡಕಿದೆ, ಅದು ರಾಗಿ, ಹುರುಳಿ ಬೆಳೆಯುವವರಿಗೆ ಇಲ್ಲ. ಸುಳಿಯೊಳಗೆ ಹೊಂಬಾಳೆಯ ಮೊಳಕೆ ಮೂಡಿದ ಮೇಲೆ ಅದು ಹೊರಬಂದು ಅರಳಲು ಸುಮಾರು 32 ತಿಂಗಳು ಬೇಕು. ಅರಳಿದ ಮೇಲೆ ಕಾಯಿ ಬಲಿಯಲು ಇನ್ನು 12 ತಿಂಗಳು. ಒಟ್ಟು 44 ತಿಂಗಳು. ಅಟ್ಟದ ಹತ್ತು ಹನ್ನೊಂದು ತಿಂಗಳನ್ನೂ ಸೇರಿಸಿದರೆ, ಇಂದು ತಿಪಟೂರಿನ ಮಾರುಕಟ್ಟೆ ಪ್ರಾಂಗಣದಲ್ಲಿ ತೂಗುವ ಕೊಬ್ಬರಿಯ ಮೊದಲ ಮೊಳಕೆ ಮೂಡಿದ್ದು ನಾಲ್ಕೂವರೆ ವರ್ಷದ ಹಿಂದೆ. ಆದುದರಿಂದ ಈ ವರ್ಷದ ಆದಾಯ ಈ ವರ್ಷದ ತೋಟದ ಆರೋಗ್ಯವನ್ನು ಹೇಳುವುದಿಲ್ಲ. ಬರ ಬಂದ ವರ್ಷ ಹರಳು ಉದುರುವುದು ಕಣ್ಣಿಗೆ ಕಾಣುತ್ತದೆ, ಆದರೆ ಅದರ ಪೂರ್ತಿ ಪೆಟ್ಟು ಬೀಳುವುದು ಮುಂದಿನ ಎರಡು ಮೂರು ವರ್ಷಗಳಲ್ಲಿ.

ಬೆಲೆ ಈ ತೊಡಕನ್ನು ಇನ್ನೂ ಹೆಚ್ಚಿಸುತ್ತದೆ. 2023ರಲ್ಲಿ ಉಂಡೆ ಕೊಬ್ಬರಿಗೆ ಬೆಂಬಲ ಬೆಲೆ ಕ್ವಿಂಟಾಲಿಗೆ 11,750 ರೂಪಾಯಿ ಇದ್ದಾಗ ಪೇಟೆಯ ದರ 9,000ಕ್ಕೂ ಕೆಳಗಿಳಿದು ಬೆಳೆಗಾರರು ಬೀದಿಗಿಳಿಯಬೇಕಾಯಿತು. ಅದೇ ವರ್ಷ ರಾಜ್ಯದ 236 ತಾಲ್ಲೂಕುಗಳಲ್ಲಿ 223ನ್ನು ಬರಪೀಡಿತವೆಂದು ಸಾರಲಾಯಿತು. 2025ರಲ್ಲಿ ಬೆಂಬಲ ಬೆಲೆ 12,100 ಇದ್ದರೆ ಪೇಟೆಯ ದರ 20,000 ದಾಟಿತು. ದರ ಏರಲು ಒಂದು ಕಾರಣ ಕಾಯಿಯ ಕೊರತೆಯೇ. ರೂಪಾಯಿಯಲ್ಲಿ ಅಳೆದವರಿಗೆ 2025 ಏಳಿಗೆಯ ವರ್ಷ. ಮರವನ್ನು ನೋಡಿದವರಿಗೆ ಹಾಗೆ ಕಾಣಿಸಲಿಲ್ಲ.

ಮರ ತನ್ನ ಲೆಕ್ಕವನ್ನು ತಾನೇ ಬರೆದಿಡುತ್ತದೆ. ಮಾವು, ಹಲಸಿನ ಕಾಂಡ ವರ್ಷ ವರ್ಷವೂ ದಪ್ಪವಾಗುತ್ತದೆ. ತೆಂಗಿನ ಕಾಂಡ ಹಾಗಲ್ಲ, ಸುಳಿಯ ಬುಡದಲ್ಲಿ ಎಷ್ಟು ದಪ್ಪವಾಯಿತೋ ಅಷ್ಟೇ. ನೀರು ಗೊಬ್ಬರ ಸಾಲದ ಕಾಲದಲ್ಲಿ ಕಾಂಡ ಸಣ್ಣಗಾದರೆ, ಮುಂದೆ ಎಷ್ಟೇ ಉಪಚಾರ ಮಾಡಿದರೂ ಆ ಭಾಗ ಸಣ್ಣಗೇ ಉಳಿಯುತ್ತದೆ. ಗರಿ ಬಿದ್ದ ಗುರುತಿನ ಉಂಗುರಗಳು ವರ್ಷಕ್ಕೆ ಸುಮಾರು 12. ಕೆಳಗಿನ ಗರಿಯಿಂದ ಆ ಸಣ್ಣ ಭಾಗದವರೆಗೆ ಉಂಗುರ ಎಣಿಸಿ 12ರಿಂದ ಭಾಗಿಸಿ, ತಲೆಯಲ್ಲಿರುವ ಗರಿಗಳಿಗಾಗಿ ಎರಡೂವರೆ ವರ್ಷ ಕೂಡಿಸಿದರೆ, ಒಂದೆರಡು ವರ್ಷ ಹೆಚ್ಚುಕಡಮೆಯಾಗಿ ಯಾವ ಕಾಲದ ಕೊರತೆ ಎಂದು ತಿಳಿಯುತ್ತದೆ. ಹಳೆಯ ತೋಟವೊಂದರಲ್ಲಿ ಎಲ್ಲ ಮರಗಳೂ ಒಂದೇ ಎತ್ತರದಲ್ಲಿ ಸೊಂಟ ಕಟ್ಟಿದಂತೆ ಸಣ್ಣಗಾಗಿರುವುದನ್ನು ಕಂಡರೆ ಬರಗಾಲದ ಕಥೆಯನ್ನು ಬೇರೆ ಯಾರೂ ಹೇಳಬೇಕಾಗಿಲ್ಲ.

ಇಬ್ಬರ ಲೆಕ್ಕ

ಹಾಲ್ಕುರಿಕೆಯಂತಹ ಊರಿನಲ್ಲಿ ಅಣ್ಣ ತಮ್ಮಂದಿರು ನೂರು ನೂರು ಮರ ಪಾಲು ಮಾಡಿಕೊಂಡರೆಂದು ಇಟ್ಟುಕೊಳ್ಳೋಣ. ಕೆಳಗಿನ ಅಂಕಿಗಳೆಲ್ಲ ಲೆಕ್ಕದ ರೀತಿ ತೋರಿಸಲು ಊಹಿಸಿಕೊಂಡವು.

ಅಣ್ಣ ಹೊಸ ಬಾವಿ ಕೊರೆಸಿ ನೀರು ಹಾಯಿಸಿ ಮರಕ್ಕೆ 90ರಂತೆ 9,000 ಕಾಯಿ ತೆಗೆಯುತ್ತಾನೆ. ಕಾಯಿಗೆ 15 ರೂಪಾಯಿಯಂತೆ 1,35,000. ಮಟ್ಟೆಯನ್ನು ನಾರಿನ ಕಾರ್ಖಾನೆಗೆ ಒಂದು ರೂಪಾಯಿಯಂತೆ ಮಾರಿ 9,000. ಒಟ್ಟು 1,44,000. ತಮ್ಮ ಕೆರೆಗೋಡು ಹೊಡೆಸಿ, ಮಟ್ಟೆಯನ್ನು ಬುಡದ ಸುತ್ತ ಹೂಳಿ, ಇರುವ ಬಾವಿಯ ನೀರನ್ನು ಹನಿಯಾಗಿ ಕೊಟ್ಟು ಮರಕ್ಕೆ 75ರಂತೆ 7,500 ಕಾಯಿ, ಅಂದರೆ 1,12,500 ರೂಪಾಯಿ ಪಡೆಯುತ್ತಾನೆ. ಊರು ಅಣ್ಣನನ್ನೇ ಮುಂದುವರಿದ ರೈತ ಎನ್ನುತ್ತದೆ.

ಈಗ ಕಳೆಯುವ ಬಾಬು. ಅಣ್ಣನ ಬಾವಿಗೆ ಲಕ್ಷ ರೂಪಾಯಿ ಬಿದ್ದು ಅದು ಐದು ವರ್ಷ ಬಂದರೆ ವರ್ಷಕ್ಕೆ 20,000. ಮಟ್ಟೆಯೊಡನೆ ಹೋದ ಪೊಟ್ಯಾಷನ್ನು ಅಂಗಡಿಯಿಂದ ತರಬೇಕು. ಮರಕ್ಕೆ ಶಿಫಾರಸು 1,200 ಗ್ರಾಂ, ಅಂದರೆ ಎರಡು ಕಿಲೋ ಮ್ಯೂರಿಯೇಟ್. ನೂರು ಮರಕ್ಕೆ 200 ಕಿಲೋ, 35 ರೂಪಾಯಿಯಂತೆ 7,000. ಉಳಿದದ್ದು 1,17,000. ತಮ್ಮನಿಗೆ ಗೋಡಿನ ಖರ್ಚು 8,000, ಅರ್ಧ ಪೊಟ್ಯಾಷ್ 3,500, ಉಳಿದದ್ದು 1,01,000. ಇಲ್ಲಿಯವರೆಗೂ ಅಣ್ಣನೇ ಮುಂದೆ ಎಂಬುದನ್ನು ಒಪ್ಪಲೇಬೇಕು.

ಆದರೆ ಬೇಸಿಗೆಯಲ್ಲಿ ಬಾವಿ ಕೈಕೊಟ್ಟು ಮರ ಸತ್ತರೆ? ಸತ್ತ ಮರದ ಜಾಗದಲ್ಲಿ ಸಸಿ ನೆಟ್ಟು ಏಳು ವರ್ಷ ಕಾಯಬೇಕು. ವರ್ಷಕ್ಕೆ 90 ಕಾಯಿಯಂತೆ ಹೋದ ಬೆಲೆ 9,450 ರೂಪಾಯಿ. ವರ್ಷಕ್ಕೆ ಒಂದು ಮರ ಸತ್ತರೆ ಅಣ್ಣ ಇನ್ನೂ ಮುಂದೆ. ಎರಡು ಸತ್ತರೆ ಅವನಿಗೆ ಉಳಿಯುವುದು 98,100, ತಮ್ಮನಿಗಿಂತ ಹಿಂದೆ. ನೂರಕ್ಕೆ ಎರಡು ಮರ ಎಂಬುದು ಯಾರೂ ಎಣಿಸಿ ಬರೆದುಕೊಳ್ಳದಷ್ಟು ಸಣ್ಣ ನಷ್ಟ. ಏಳಿಗೆ ಯಾವುದು, ಇಳಿಕೆ ಯಾವುದು ಎಂಬುದು ಈ ಬರೆದುಕೊಳ್ಳದ ಸಾಲಿನಲ್ಲಿ ತೀರ್ಮಾನವಾಗುತ್ತದೆ.

ಈ ಲೆಕ್ಕ ತಮ್ಮನನ್ನು ಕಾಪಾಡುವುದಿಲ್ಲ ಎಂಬುದೇ ದೊಡ್ಡ ಕಷ್ಟ. ನೆಲದೊಳಗಿನ ನೀರಿಗೆ ಬದುವಿಲ್ಲ. ಅಣ್ಣನ ಆಳದ ಬಾವಿ ತಮ್ಮನ ಪಾಲಿನ ನೀರನ್ನೂ ಎಳೆಯುತ್ತದೆ. ಒಬ್ಬನ ಪುಸ್ತಕದಲ್ಲಿ ಆದಾಯವಾದದ್ದು ಇನ್ನೊಬ್ಬನ ಪುಸ್ತಕದಲ್ಲಿ ನಷ್ಟ. ಆದ್ದರಿಂದ ನೀರಿನ ಲೆಕ್ಕವನ್ನು ಮನೆಗೊಂದರಂತೆ ಹಾಕಿ ಪ್ರಯೋಜನವಿಲ್ಲ, ಕೆರೆಗೊಂದರಂತೆ ಹಾಕಬೇಕು. ಹಿಂದೆ ಕೆರೆಯ ತೂಬು, ಕೋಡಿ, ಹೂಳಿನ ವಿಷಯ ಊರೊಟ್ಟಿನ ಮಾತಾಗಿತ್ತು. ಕೊಳವೆ ಬಾವಿ ಬಂದ ಮೇಲೆ ನೀರು ಸ್ವಂತದ ಮಾತಾಯಿತು.

ಬೆಳವಣಿಗೆ ಬೇಡವೇ?

ಇದನ್ನೆಲ್ಲ ಓದಿ ಬೆಳವಣಿಗೆಯೇ ಕೆಟ್ಟದ್ದೆಂದು ತಿಳಿಯಬಾರದು. ಸೋರುವ ಮಾಡಿನವನಿಗೆ ಆದಾಯ ಹೆಚ್ಚಲೇಬೇಕು. ಸಾಕು ಎನ್ನುವ ಮಾತು ಉಂಡವರ ಬಾಯಲ್ಲಿ ಬೇಗ ಬರುತ್ತದೆ. ಪ್ರಶ್ನೆ ಇರುವುದು ಯಾವುದನ್ನು ಎಣಿಸಬೇಕು ಎಂಬುದರಲ್ಲಿ. 1990ರಲ್ಲಿ ಮಹಬೂಬ್ ಉಲ್ ಹಕ್ ಮತ್ತು ಅಮರ್ತ್ಯ ಸೇನ್ ಅವರ ಪ್ರಯತ್ನದಿಂದ ಆಯುಷ್ಯ, ವಿದ್ಯೆ, ಆದಾಯ ಮೂರನ್ನೂ ಸೇರಿಸಿದ ಮಾನವ ಅಭಿವೃದ್ಧಿ ಸೂಚ್ಯಂಕ ಬಂತು. ಕರ್ನಾಟಕ 1999ರಲ್ಲಿ ತನ್ನದೇ ಮಾನವ ಅಭಿವೃದ್ಧಿ ವರದಿಯನ್ನು ಹೊರತಂದಿತು. 2002ರಲ್ಲಿ ಡಾ. ಡಿ. ಎಂ. ನಂಜುಂಡಪ್ಪ ಸಮಿತಿ 35 ಸೂಚಕಗಳನ್ನು ಕೂಡಿಸಿ ಅಳೆದು, ಅಂದಿನ 175 ತಾಲ್ಲೂಕುಗಳಲ್ಲಿ 114 ಹಿಂದುಳಿದವೆಂದೂ, ಅವುಗಳಲ್ಲಿ 39 ಅತ್ಯಂತ ಹಿಂದುಳಿದವೆಂದೂ ಹೇಳಿತು. ರಾಜ್ಯದ ಸರಾಸರಿ ಆದಾಯವೊಂದನ್ನೇ ನೋಡಿದ್ದರೆ ಈ ತಾಲ್ಲೂಕುಗಳು ಕಣ್ಣಿಗೇ ಬೀಳುತ್ತಿರಲಿಲ್ಲ. ಅಳತೆಗೋಲು ಬದಲಾದಾಗ ಹಣ ಹೋಗುವ ದಾರಿಯೂ ಬದಲಾಗುತ್ತದೆ.

ತೋಟದಲ್ಲಿ ಎಣಿಸಬೇಕಾದದ್ದು

ವರ್ಷಕ್ಕೆ ಎರಡು ಬಾರಿ, ಮಳೆಗೆ ಮುಂಚೆ ಮೇ ತಿಂಗಳಲ್ಲಿ ಮತ್ತು ಹಿಂಗಾರು ಮುಗಿಯುವ ನವೆಂಬರಿನಲ್ಲಿ ಬಾವಿಯ ನೀರಿನ ಮಟ್ಟವನ್ನು ಹಗ್ಗ ಇಳಿಬಿಟ್ಟು ಬರೆದಿಡಬೇಕು. ಪಂಪು ಇಳಿಸಿದ ಕೊಳವೆಯಲ್ಲಿ ಹಗ್ಗ ಸಿಕ್ಕಿಕೊಳ್ಳುವ ಭಯವಿದ್ದರೆ, 200 ಲೀಟರ್ ಡ್ರಮ್ಮು ತುಂಬಲು ಎಷ್ಟು ನಿಮಿಷ ಬೇಕೆಂದು ಬರೆದರೂ ಸಾಕು. ತೋಟದ ಹತ್ತು ಮರಗಳಿಗೆ ಬಣ್ಣದ ಗುರುತು ಹಾಕಿ ತಲೆಯ ಗರಿಗಳನ್ನು ಎಣಿಸಬೇಕು. ಚೆನ್ನಾಗಿರುವ ಮರದಲ್ಲಿ 30ರಿಂದ 35 ಗರಿ ಇರುತ್ತವೆ, ವರ್ಷಕ್ಕೆ 12ರಂತೆ ಹೊಸ ಗರಿ ಬರುತ್ತವೆ. ಗರಿ ಕಡಿಮೆಯಾದರೆ ಕಾಯಿ ಕಡಿಮೆಯಾಗುವುದಕ್ಕೆ ಮೊದಲೇ ಎಚ್ಚರ ಸಿಗುತ್ತದೆ. ಕಪ್ಪು ತಲೆ ಹುಳು, ಕಾಂಡ ಸೋರುವ ರೋಗ, ಅಣಬೆ ರೋಗದಿಂದ ಸತ್ತ ಮರಗಳ ಸಂಖ್ಯೆಯನ್ನು ಕಾರಣದೊಡನೆ ಬರೆಯಬೇಕು. ಮಾರಿದ ಮಟ್ಟೆಯ ಲೆಕ್ಕ ಬರೆಯುವಾಗ ಅದೇ ಸಾಲಿನ ಎದುರಿಗೆ ಕೊಂಡ ಪೊಟ್ಯಾಷನ್ನೂ ಬರೆಯಬೇಕು.

ಐದಾರು ವರ್ಷ ಹೀಗೆ ಬರೆದ ಹತ್ತು ಮನೆಗಳ ಪುಸ್ತಕ ಒಂದೇ ಕೆರೆಯ ಅಚ್ಚುಕಟ್ಟಿನಲ್ಲಿ ಸಿಕ್ಕರೆ, ಮುಂದಿನ ಕೊಳವೆ ಬಾವಿ ಬೇಕೇ, ಕೆರೆಯ ಹೂಳೆತ್ತುವುದು ಮೊದಲೇ ಎಂಬ ಚರ್ಚೆಗೆ ಊರವರ ಮುಂದೆ ಇಡಲು ಒಂದು ಆಧಾರ ಇರುತ್ತದೆ. ತಿಪಟೂರಿನ ಕೊನೇಹಳ್ಳಿಯ ಕೃಷಿ ವಿಜ್ಞಾನ ಕೇಂದ್ರದಲ್ಲಿ ಮಣ್ಣು ಪರೀಕ್ಷೆ ಮಾಡಿಸುವವರು ಈ ಪುಸ್ತಕವನ್ನೂ ಜೊತೆಗೆ ಒಯ್ದರೆ ಸಲಹೆ ಕೊಡುವವರಿಗೂ ಸುಲಭ. ಬರೆಯಲು ಮೇ ತಿಂಗಳೇ ಒಳ್ಳೆಯ ಆರಂಭ: ನೀರು ಅತ್ಯಂತ ಕೆಳಗಿರುತ್ತದೆ, ಸತ್ತ ಮರ ಯಾವುದು, ಬದುಕಿದ್ದು ಯಾವುದು ಎಂಬುದೂ ಆಗ ಸ್ಪಷ್ಟವಾಗಿ ಕಾಣುತ್ತದೆ.