ಬಾಡಿಗೆದಾರ ಸರ್ಕಾರವಾದರೆ ನೋಟಿಸ್ ಎರಡು

ಘಾಟಬೋರಾಳದ ನಿಮ್ಮ ಕಟ್ಟಡದಲ್ಲಿರುವ ಸರ್ಕಾರಿ ಹಾಸ್ಟೆಲ್ ಕರಾರು ಮುಗಿದರೂ ಬಿಡುತ್ತಿಲ್ಲ, ಬೀಗ ಜಡಿಯಲೇ ಎಂದು ಕೇಳಿದ್ದೀರಿ. ಖಂಡಿತ ಬೇಡ. ಕರಾರು ಮುಗಿದರೂ ಸ್ವಾಧೀನ ಅವರದೇ. ಕೋರ್ಟಿನ ಆದೇಶವಿಲ್ಲದೆ ಹೊರಹಾಕಿದರೆ 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಡಿ ಆರು ತಿಂಗಳೊಳಗೆ ದಾವೆ ಹೂಡಿ ಮರಳಿ ಒಳಬರಬಹುದು. ನಿಮ್ಮ ಬಲವಿರುವುದು ಕಾಗದದಲ್ಲಿ. ಅವಧಿ ಮುಗಿದ ಮೇಲೂ ನೀವು ಬಾಡಿಗೆ ಪಡೆಯುತ್ತ ಬಂದಿದ್ದರೆ ಅದು ಸಾಮಾನ್ಯವಾಗಿ ತಿಂಗಳ ಬಾಡಿಗೆ ಎನಿಸಿಕೊಳ್ಳುತ್ತದೆ. ಅದಕ್ಕೆ 1882ರ ಸ್ವತ್ತು ವರ್ಗಾವಣೆ ಕಾಯ್ದೆಯ 106ನೇ ಕಲಮಿನಂತೆ 15 ದಿನಗಳ ನೋಟಿಸ್ ಸಾಕು. ಲೆಕ್ಕ ಅದು ತಲುಪಿದ ದಿನದಿಂದ. ಹೆಚ್ಚಿನವರು ಎಡವುವುದು ಇದರ ಮುಂದೆ. ದಾವೆ ಸರ್ಕಾರದ ಮೇಲಾದ್ದರಿಂದ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಎರಡು ತಿಂಗಳ ಮುಂಚಿನ ನೋಟಿಸ್ ಬೀದರಿನ ಜಿಲ್ಲಾಧಿಕಾರಿಗೋ ಸರ್ಕಾರದ ಕಾರ್ಯದರ್ಶಿಗೋ ಮುಟ್ಟಬೇಕು. ವಾರ್ಡನ್ ಸಹಿ ಹಾಕಿಕೊಟ್ಟ ಚೀಟಿ ಇದಕ್ಕೆ ಸಮವಲ್ಲ. (ಬಾಡಿಗೆದಾರ ಬ್ಯಾಂಕಾಗಿದ್ದರೆ ಈ ಎರಡನೆಯದರ ಗೊಡವೆಯೇ ಇರಲಿಲ್ಲ.)

ಮಕ್ಕಳ ಓದು ಕೆಡುತ್ತದೆ ಎಂದು ಇಲಾಖೆ ವಾದಿಸಬಹುದು. ಹುರುಳಿಲ್ಲದ ಮಾತೇನಲ್ಲ. ಆದರೆ ಅದು ಪರೀಕ್ಷೆ ಮುಗಿಯುವವರೆಗೆ ಕಾಲಾವಕಾಶ ಕೇಳಲು ಕಾರಣವಾದೀತೇ ಹೊರತು ಉಳಿಯುವ ಹಕ್ಕಾಗದು. ಕಾನೂನಿನ ಬಲವಿಲ್ಲದೆ ಯಾರ ಸ್ವತ್ತನ್ನೂ ಕಸಿಯುವಂತಿಲ್ಲ ಎಂಬ ಸಂವಿಧಾನದ 300ಎ ವಿಧಿ ಸರ್ಕಾರವನ್ನೇ ಮೊದಲು ಕಟ್ಟಿಹಾಕುತ್ತದೆ. ನೋಟಿಸ್ ಕೊಟ್ಟ ಮೇಲೆ ಖಾತೆಗೆ ಬಾಡಿಗೆ ಬಿದ್ದರೆ ನೋಟಿಸ್ ಬಿದ್ದುಹೋದಂತೆ ಎಂಬ ಅಂಜಿಕೆಯೂ ಬೇಡ: ಹಣ ಪಡೆದ ಮಾತ್ರಕ್ಕೆ ನೋಟಿಸ್ ಬಿಟ್ಟುಕೊಟ್ಟಂತಾಗದು ಎಂದು ಸರೂಪ್ ಸಿಂಗ್ ಗುಪ್ತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2006ರಲ್ಲೇ ಹೇಳಿದೆ. ಆದರೂ ರಸೀದಿಯಲ್ಲಿ ‘ನನ್ನ ಹಕ್ಕಿಗೆ ಬಾಧೆಯಿಲ್ಲದಂತೆ’ ಎಂದು ಬರೆದೇ ಕೊಡಿ.